ಹೆಸರಿನ ಅರ್ಥವೂ ಹೆಸರು ಬಂದ ದಾರಿಯೂ: ಗಡಿನಾಡಿನ ಮುಸ್ಲಿಂ ಅಂಕಿತನಾಮಗಳ ವಿವೇಚನೆ

೧

ಊರ ಹೆಸರು ಹಿಡಿದು ಭಾಷೆಯ ಚರಿತ್ರೆ ಹೇಳುವುದು ಕನ್ನಡ ವಿದ್ವಾಂಸರಿಗೆ ಹೊಸತಲ್ಲ. ಶಂ.ಬಾ. ಜೋಶಿಯವರು ‘ಕಣ್ಮರೆಯಾದ ಕನ್ನಡ’ದಲ್ಲಿ ಮಹಾರಾಷ್ಟ್ರದ ಊರುಗಳ ಹೆಸರನ್ನು ಸಾಕ್ಷಿಗೆ ಕರೆದ ಮೇಲೆ ಗಡಿನಾಡಿನ ಬಗ್ಗೆ ಬರೆಯುವ ಯಾರೂ ಸ್ಥಳನಾಮಗಳನ್ನು ಬಿಟ್ಟು ಮುಂದೆ ಹೋಗುವಂತಿಲ್ಲ. ಆದರೆ ಊರ ಹೆಸರಿಗೆ ಸಿಕ್ಕ ಮರ್ಯಾದೆ ಊರೊಳಗಿನ ಮನುಷ್ಯರ ಹೆಸರಿಗೆ ಸಿಕ್ಕಿಲ್ಲ. ಅದರಲ್ಲೂ ಮುಸ್ಲಿಮರ ಅಂಕಿತನಾಮಗಳ ವಿಷಯಕ್ಕೆ ಬಂದರೆ ನಮ್ಮ ಉಪಭಾಷಾ ಅಧ್ಯಯನಗಳು ಕೊನೆಯ ಅನುಬಂಧದಲ್ಲಿ ಒಂದು ಪಟ್ಟಿ ಕೊಟ್ಟು ಕೈ ತೊಳೆದುಕೊಳ್ಳುತ್ತವೆ. ಪಟ್ಟಿಗೆ ಸಾಮಾನ್ಯವಾಗಿ ಮೂರು ಕಲಮು: ‘ಶುದ್ಧ ರೂಪ’, ‘ಅಪಭ್ರಂಶ’, ‘ಅರ್ಥ’. ಫಾತಿಮಾ, ಪಾತುಮ್ಮ, ಹಾಲು ಬಿಡಿಸುವವಳು. ಮಹಬೂಬ, ಮಾಬು, ಪ್ರೀತಿಪಾತ್ರ. ಅಲ್ಲಿಗೆ ಮುಗಿಯಿತು.

ಇಂಥ ಪಟ್ಟಿಗಳನ್ನು ಬೇರೆಯವರು ಮಾಡಿದ್ದಾರೆಂದು ದೂರುವ ಹಕ್ಕು ನನಗಿಲ್ಲ. ನಾನೂ ಮಾಡಿದ್ದೇನೆ, ಅದನ್ನು ಸಂಕಿರಣದಲ್ಲಿ ಓದಿ ಚಪ್ಪಾಳೆಯನ್ನೂ ಪಡೆದಿದ್ದೇನೆ. ಈಗ ಆ ಮೂರು ಕಲಮುಗಳೂ ತಪ್ಪು ದಾರಿಗೆ ಎಳೆಯುತ್ತವೆಂದು ನನಗೆ ಅನ್ನಿಸಿದೆ. ಗಡಿನಾಡಿನಲ್ಲಿ ಒಂದು ಮುಸ್ಲಿಂ ಹೆಸರಿನ ಅರ್ಥವೆಂದರೆ ಅರಬ್ಬೀ ನಿಘಂಟಿನಲ್ಲಿರುವ ಧಾತ್ವರ್ಥವಷ್ಟೇ ಅಲ್ಲ. ಅದು ಯಾರ ಮೂಲಕ, ಯಾವ ಹರಕೆಯ ಮೂಲಕ, ಯಾವ ನಾಲಗೆಯ ಮೇಲೆ ಹಾದು ಬಂತು ಎನ್ನುವುದೂ ಅರ್ಥವೇ. ನಾವು ‘ಅಪಭ್ರಂಶ’ ಎಂದು ಬದಿಗೆ ಸರಿಸುವ ರೂಪದಲ್ಲೇ ಆ ದಾರಿಯ ಗುರುತು ಉಳಿದಿರುತ್ತದೆ. ಇದನ್ನು ಉದಾಹರಣೆಗಳ ಮೂಲಕ ತೋರಿಸುವುದು ಈ ಪ್ರಬಂಧದ ಉದ್ದೇಶ.

೨

ಈ ವಿಚಾರ ನನ್ನ ತಲೆಗೆ ಹೊಕ್ಕಿದ್ದು ಗ್ರಂಥಾಲಯದಲ್ಲಲ್ಲ, ಮನೆಯಲ್ಲಿ. ನಮ್ಮದು ಅಕ್ಕಲಕೋಟ ತಾಲೂಕಿನ ಹಳ್ಳಿ. ನಮ್ಮಜ್ಜನ ಹೆಸರು ಸೈಫನಸಾಬ. ತಮ್ಮನ ಮೊಮ್ಮಗನ ತೊಟ್ಟಿಲ ಕಾರ್ಯದ ದಿನ ಅಜ್ಜನ ಹೆಸರನ್ನೇ ಇಡೋಣ ಎಂದು ಹಿರಿಯರು ಅಂದರು. ಸೋಲಾಪುರದಲ್ಲಿ ಓದಿದ ಹುಡುಗರು ಮಕ್ಕಳ ಹೆಸರುಗಳ ಒಂದು ಚಿಕ್ಕ ಪುಸ್ತಕ ತಂದಿದ್ದರು. ಅದರಲ್ಲಿ ಹುಡುಕಿ, “ಕಾಕಾ, ಸೈಫನ್ ಅನ್ನೂ ಹೆಸರ ಇದ್ರಾಗ ಇಲ್ಲೇ ಇಲ್ಲ. ಅರ್ಥ ಇಲ್ದ ಹೆಸರ ಯಾಕ ಇಡೂದು?” ಅಂದರು. ಅಜ್ಜನ ಮಗಳು, ಎಂಬತ್ತು ದಾಟಿದ ನಮ್ಮತ್ತೆ, ಒಳಗಿನಿಂದಲೇ ಕೂಗಿ ಹೇಳಿದಳು: “ಅರ್ಥ ಯಾಕ ಇಲ್ಲೋ? ಹೈದ್ರಾಕ ಹೋಗಿ ಕೇಳ್ರಿ, ಅರ್ಥ ಅಲ್ಲೇ ಕುಂತದ.” ಅವಳ ಮಾತು ನಡೆಯಲಿಲ್ಲ. ಮಗುವಿಗೆ ಅಯಾನ್ ಎಂದು ಹೆಸರಾಯಿತು. ಪುಸ್ತಕದಲ್ಲಿ ಅದರ ಮುಂದೆ ‘ದೇವರ ಕೊಡುಗೆ’ ಎಂದು ಅಚ್ಚಾಗಿತ್ತು.

ಆಮೇಲೆ ನಾನು ಕುತೂಹಲಕ್ಕೆಂದು ಎರಡೂ ಹೆಸರಿನ ಮೂಲ ಹುಡುಕಿದೆ. ಅರಬ್ಬೀಯಲ್ಲಿ ‘ಅಯಾನ್’ಗೆ ಹತ್ತಿರದ ಪದಗಳು ಐನ್ ಎಂಬ ಮೂಲದಿಂದ ಬಂದವು. ಐನ್ ಎಂದರೆ ಕಣ್ಣು. ಅಅ್‌ಯಾನ್ ಎಂದರೆ ಗಣ್ಯರು. ಇಯಾನ್ ಎಂದರೆ ಕಣ್ಣಾರೆ ಕಂಡದ್ದು, ಪ್ರತ್ಯಕ್ಷ. ದೇವರ ಕೊಡುಗೆ ಎಂಬ ಅರ್ಥ ಅಲ್ಲಿ ಎಲ್ಲೂ ಇಲ್ಲ. ಸೈಫನ್‌ಗೆ ಸೈಫ್ ಎಂಬ ಖಚಿತ ಅರಬ್ಬೀ ಪದ ಇದೆ. ಸೈಫ್ ಎಂದರೆ ಖಡ್ಗ. ಅಕ್ಕಲಕೋಟ ತಾಲೂಕಿನ ಹೈದ್ರಾದಲ್ಲಿ ದರ್ಗಾ ಇರುವ ಸೂಫಿ ಸಂತನ ಬಿರುದು ಸೈಫುಲ್ ಮುಲ್ಕ್. ರಾಜ್ಯದ ಖಡ್ಗ ಎಂದು ಅರ್ಥ. ಜನರ ಬಾಯಲ್ಲಿ ಅದು ಸೈಫನ್ ಮುಲ್ಕ್, ಸೈಪನ್ ಮುಲಕ್ ಆಯಿತು. ಅಕ್ಕಲಕೋಟದಿಂದ ಇಂಡಿ, ಸಿಂದಗಿಯವರೆಗೆ ಸೈಫನ್ ಹೆಸರಿನವರು ಓಣಿಗೊಬ್ಬರು ಸಿಗುತ್ತಾರೆ. ಆ ಸೀಮೆ ದಾಟಿದರೆ ಹೆಸರು ವಿರಳವಾಗುತ್ತದೆ.

ಹಾಗಾದರೆ ನಮ್ಮಜ್ಜನ ಹೆಸರಿನ ಅರ್ಥ ‘ಖಡ್ಗ’ವೇ? ಅದೂ ಅಲ್ಲ. ಅವನ ಮುಂಚೆ ಹುಟ್ಟಿದ ಮಕ್ಕಳು ಉಳಿದಿರಲಿಲ್ಲ. ಮುತ್ತಜ್ಜಿ ಹೈದ್ರಾಕ್ಕೆ ಹರಕೆ ಹೊತ್ತಳು. ಹುಟ್ಟಿದ ಮಗು ಉಳಿಯಿತು, ಜವಳ ಅಲ್ಲಿಯೇ ತೆಗೆಸಿದರು, ಹೆಸರೂ ಅಲ್ಲಿಯದೇ ಆಯಿತು. ಖಡ್ಗದ ಸುದ್ದಿ ಮುತ್ತಜ್ಜಿಗೆ ಗೊತ್ತೇ ಇರಲಿಲ್ಲ. ಅತ್ತೆ ಹೇಳಿದ್ದು ಸರಿ. ಅರ್ಥ ಹೈದ್ರಾದಲ್ಲಿ ಕುಂತಿತ್ತು. ಪುಸ್ತಕ ಹಿಡಿದ ಹುಡುಗರು ತಪ್ಪಿದ್ದು ಅರಬ್ಬೀ ಬಾರದ್ದರಿಂದ ಮಾತ್ರವಲ್ಲ. ಹೆಸರಿನ ಅರ್ಥ ಪುಸ್ತಕದಲ್ಲಿಯೇ ಇರಬೇಕು ಎಂದು ನಂಬಿದ್ದರಿಂದ. ನಮ್ಮ ಪಟ್ಟಿಗಳ ಮೂರನೆಯ ಕಲಮೂ ಅದೇ ನಂಬಿಕೆಯ ಮೇಲೆ ನಿಂತಿದೆ.

೩

ಮೊದಲು ‘ಅರ್ಥ’ದ ಕಲಮನ್ನೇ ನೋಡೋಣ. ಅರಬ್ಬರಲ್ಲಿ ಪೂರ್ತಿ ಹೆಸರಿಗೆ ಐದು ಅಂಗಗಳು. ಇಸ್ಮ್ ಎಂದರೆ ಇಟ್ಟ ಹೆಸರು. ಕುನ್ಯಾ ಎಂದರೆ ‘ಇಂಥವರ ತಂದೆ’, ‘ಇಂಥವರ ತಾಯಿ’ ಎಂದು ಕರೆಯುವ ಹೆಸರು. ನಸಬ್ ಎಂದರೆ ‘ಇಂಥವರ ಮಗ’ ಎನ್ನುವ ವಂಶ ಸೂಚನೆ. ಲಕಬ್ ಎಂದರೆ ಬಿರುದು. ನಿಸ್ಬಾ ಎಂದರೆ ಊರು, ಕುಲ, ಪಂಥಗಳಿಂದ ಬಂದ ಹೆಸರು. ಆನ್‌ಮರೀ ಶಿಮ್ಮೆಲ್ ಅವರು ೧೯೮೯ರಲ್ಲಿ ಪ್ರಕಟಿಸಿದ ‘ಇಸ್ಲಾಮಿಕ್ ನೇಮ್ಸ್’ ಗ್ರಂಥದಲ್ಲಿ ಈ ಅಂಗಗಳ ವಿವರಣೆ ಇದೆ. ನಮ್ಮಲ್ಲಿಗೆ ಬರುವ ಹೊತ್ತಿಗೆ ಈ ಐದೂ ಕಲೆತು ಎಲ್ಲವೂ ಇಟ್ಟ ಹೆಸರೇ ಆದವು. ಅಬೂಬಕ್ಕರ್ ಎನ್ನುವುದು ಕುನ್ಯಾ. ಅಬೂ ಎಂದರೆ ತಂದೆ, ಬಕ್ರ್ ಎಂದರೆ ಎಳೆಯ ಒಂಟೆ. ಅರ್ಥದ ಕಲಮಿನಲ್ಲಿ ‘ಎಳೆ ಒಂಟೆಯ ತಂದೆ’ ಎಂದು ಬರೆದರೆ ಅದು ತಪ್ಪಲ್ಲ. ಆದರೆ ಒಂಟೆಯನ್ನೇ ಕಾಣದ ಕಾಸರಗೋಡಿನ ಕಡಲ ಕರೆಯಲ್ಲಿ ಯಾವ ತಂದೆಯೂ ಅದಕ್ಕಾಗಿ ಮಗನಿಗೆ ಆ ಹೆಸರಿಟ್ಟವನಲ್ಲ. ಅವನಿಗೆ ಅಬೂಬಕ್ಕರ್ ಎಂದರೆ ಮೊದಲನೆಯ ಖಲೀಫ. ಅದಕ್ಕಿಂತ ಹತ್ತಿರದಲ್ಲಿ ತನ್ನ ತಂದೆಯೋ ತಾತನೋ.

ಫಾತಿಮಾ ಎಂಬ ಹೆಸರಿಗೆ ಹಾಲು ಬಿಡಿಸುವುದು ಎಂಬರ್ಥದ ಧಾತು ಇದೆ. ತೊಟ್ಟಿಲ ಕೂಸಿಗೆ ‘ಹಾಲು ಬಿಡಿಸುವವಳು’ ಎಂದು ಹೆಸರಿಡುವ ತಾಯಿ ಯಾರು? ಅದು ಪೈಗಂಬರರ ಮಗಳ ಹೆಸರು, ಅಷ್ಟೇ ಸಾಕು. ಹಾಗೆಂದು ವ್ಯುತ್ಪತ್ತಿ ಕೆಲಸಕ್ಕೆ ಬಾರದೆಂದು ನಾನು ಹೇಳುತ್ತಿಲ್ಲ. ಮಹಮ್ಮದ್, ಅಹಮದ್, ಹಮೀದ್, ಮಹಮೂದ್ ನಾಲ್ಕೂ ಸ್ತುತಿ ಎಂಬರ್ಥದ ಒಂದೇ ಧಾತುವಿನ ಮಕ್ಕಳು ಎಂದು ತಿಳಿದರೆ ಹೆಸರುಗಳ ಬಳಗ ಕಾಣುತ್ತದೆ. ಹುಸೇನ್ ಎನ್ನುವುದು ಹಸನ್ ಎಂಬುದರ ಮುದ್ದುರೂಪ, ಅರಬ್ಬೀ ವ್ಯಾಕರಣದ ಪ್ರಕಾರ ‘ಪುಟ್ಟ ಹಸನ್’. ಕಾಸರಗೋಡಿನ ಕುಂಞಹಮ್ಮದ್, ಕುಂಞಾಲಿಗಳಲ್ಲಿರುವ ಕುಂಞಿಯೂ ಪುಟ್ಟ ಎಂದೇ. ಅರಬ್ಬೀ ತನ್ನ ಪದರಚನೆಯಿಂದ ಮಾಡಿದ್ದನ್ನು ಕರಾವಳಿಯ ಭಾಷೆ ತನ್ನ ಸ್ವಂತ ಪದದಿಂದ ಮಾಡಿಕೊಂಡಿದೆ. ಇಂಥ ಹೋಲಿಕೆಗೆ ವ್ಯುತ್ಪತ್ತಿ ಬೇಕು. ಆದರೆ ವ್ಯುತ್ಪತ್ತಿಯೇ ಅರ್ಥ ಎಂದರೆ ಮಾತು ಕೆಡುತ್ತದೆ.

ಇನ್ನು ಈ ಹೆಸರುಗಳೆಲ್ಲ ಅರಬ್ಬೀಯವೇ ಎಂಬ ಗ್ರಹಿಕೆಯೂ ಸರಿಯಲ್ಲ. ಇಬ್ರಾಹಿಂ, ಮೂಸಾ, ಯೂಸುಫ್, ಇಸ್ಮಾಯಿಲ್, ಮರಿಯಂ, ಸಾರಾ ಇವು ಅರಬ್ಬೀಗಿಂತ ಹಿಂದಿನ ಹೀಬ್ರೂ ಪರಂಪರೆಯವು. ಕಾಸರಗೋಡಿನಲ್ಲಿ ಹುಟ್ಟಿ ಕನ್ನಡದಲ್ಲಿ ಬರೆದ ಸಾರಾ ಅಬೂಬಕ್ಕರ್ ಅವರ ಹೆಸರಿನ ಮೊದಲ ಭಾಗ ಹೀಬ್ರೂ, ಎರಡನೆಯದು ಅರಬ್ಬೀ. ದಸ್ತಗೀರ, ಬಂದೇನವಾಜ, ಮಸ್ತಾನ, ಫಿರೋಜ ಪಾರಸಿಯವು. ಖಾನ್, ಬೇಗಂ ತುರ್ಕಿ ಮೂಲದವು. ತಳಂಗರೆಯ ಪ್ರಸಿದ್ಧ ಮಸೀದಿ ಯಾರ ಹೆಸರಿನಲ್ಲಿದೆಯೋ ಆ ಮಾಲಿಕ್ ದೀನಾರರ ಹೆಸರಿನ ದೀನಾರ್ ಎಂಬ ಪದ ರೋಮನರ ನಾಣ್ಯ ದಿನಾರಿಯಸ್‌ನಿಂದ ಅರಬ್ಬೀಗೆ ಹೋದದ್ದು. ‘ಮೂಲ ರೂಪ’ ಎಂದು ನಾವು ಬೆರಳು ತೋರಿಸುವ ಕಡೆಯೂ ಹೆಸರುಗಳು ಎರವಲು ಬಂದವೇ.

ಅರ್ಥ ಹುಡುಕುವ ಆತುರ ಎಲ್ಲಿಗೆ ಒಯ್ಯುತ್ತದೆ ಎನ್ನುವುದಕ್ಕೆ ಟಿಪ್ಪುವಿನ ಹೆಸರು ಒಳ್ಳೆಯ ಉದಾಹರಣೆ. ಟಿಪ್ಪು ಎಂದರೆ ಕನ್ನಡದಲ್ಲಿ ಹುಲಿ ಎಂದು ಇಂಗ್ಲಿಷ್ ಪುಸ್ತಕಗಳಲ್ಲಿ ಬರೆದದ್ದುಂಟು. ಕನ್ನಡ ಬಲ್ಲ ಯಾರಿಗೂ ಅಂಥ ಪದ ಗೊತ್ತಿಲ್ಲ. ಆರ್ಕಾಟಿನ ಟಿಪ್ಪು ಮಸ್ತಾನ್ ಔಲಿಯಾ ಎಂಬ ಸಂತನ ಹೆಸರನ್ನು ಮಗನಿಗಿಟ್ಟರು ಎನ್ನುವುದು ಪ್ರಸಿದ್ಧ. ಅಂದರೆ ದೊರೆಮನೆಯಲ್ಲಿಯೂ ಹೆಸರು ಬಂದದ್ದು ನಮ್ಮ ಮುತ್ತಜ್ಜಿಯ ದಾರಿಯಲ್ಲೇ.

೪

ಎರಡನೆಯ ಕಲಮು ‘ಅಪಭ್ರಂಶ’. ಈ ಮಾತನ್ನು ನಾವು ಇಂದು ‘ಕೆಟ್ಟುಹೋದ ರೂಪ’ ಎಂಬ ಅರ್ಥದಲ್ಲಿ ಬಳಸುತ್ತಿದ್ದೇವೆ. ಹದಿಮೂರನೆಯ ಶತಮಾನದ ಕೇಶಿರಾಜ ‘ಶಬ್ದಮಣಿದರ್ಪಣ’ದಲ್ಲಿ ಅಪಭ್ರಂಶಕ್ಕೆ ಒಂದು ಪ್ರಕರಣವನ್ನೇ ಮೀಸಲಿಟ್ಟ. ಅಲ್ಲಿ ಅವನು ಮಾಡಿದ್ದು ನಿಂದೆಯಲ್ಲ. ಸಂಸ್ಕೃತದ ಶಬ್ದ ಕನ್ನಡಕ್ಕೆ ಬರುವಾಗ ಯಾವ ಅಕ್ಷರ ಏನಾಗುತ್ತದೆ ಎಂದು ಸೂತ್ರ ಕೊಟ್ಟ. ಲಕ್ಷ್ಮಿ ಲಕುಮಿಯಾದರೆ, ಕೃಷ್ಣ ಕಿಟ್ಟಪ್ಪನಾದರೆ ನಾವು ತದ್ಭವ ಎಂದು ಗೌರವದಿಂದ ಕೂರಿಸಿಕೊಳ್ಳುತ್ತೇವೆ. ಫಾತಿಮಾ ಪಾತುಮ್ಮಳಾದರೆ ಮಾತ್ರ ‘ಉಚ್ಚಾರ ಸರಿಯಿಲ್ಲ’ ಎನ್ನುತ್ತೇವೆ. ಭಾಷಾಶಾಸ್ತ್ರದಲ್ಲಿ ಈ ಪಂಕ್ತಿಭೇದಕ್ಕೆ ಆಧಾರವಿಲ್ಲ.

ಅಕ್ಕಲಕೋಟ, ಜತ್ತ ಭಾಗದ ರೂಪಗಳನ್ನು ನೋಡಿ. ಮಹಬೂಬ ಮಾಬೂಬ ಆಗುತ್ತದೆ, ಮಹಬೂಬಸಾಹೇಬ ಮಾಬುಸಾಬ ಆಗುತ್ತದೆ. ಎರಡು ಸ್ವರಗಳ ನಡುವಿನ ಹಕಾರ ಬಿದ್ದು ಹಿಂದಿನ ಸ್ವರ ದೀರ್ಘವಾಗುವುದು ಕನ್ನಡದ ಹಳೆಯ ಚಾಳಿ. ಮಹಾರಾಯ ಮಾರಾಯ ಆದದ್ದೂ ಹೀಗೆಯೇ. ಫಕೀರ ಪಕೀರ, ಗಫೂರ ಗಪೂರ ಆಗುವುದು, ಹುಸೇನ್ ಎಂಬ ವ್ಯಂಜನಾಂತ ಹುಸೇನ ಎಂದು ಸ್ವರಾಂತವಾಗುವುದು ಎಲ್ಲವೂ ನಿಯಮಬದ್ಧ. ಕಾಸರಗೋಡಿನ ಕಡೆ ಹೋದರೆ ನಿಯಮಗಳು ಬೇರೆ. ಅಲ್ಲಿ ಮಲಯಾಳ ಮತ್ತು ಬ್ಯಾರಿ ನುಡಿಗಳ ಧ್ವನಿವ್ಯವಸ್ಥೆ ಕೆಲಸ ಮಾಡುತ್ತದೆ. ಫಾತಿಮಾ ಪಾತುಮ್ಮ, ಖದೀಜಾ ಕದೀಸ, ಆಯಿಶಾ ಐಸಮ್ಮ. ಅಬೂಬಕ್ರ್ ತನ್ನ ಮೊದಲ ಸ್ವರ ಕಳೆದುಕೊಂಡು, ಬಕಾರ ಪಕಾರವಾಗಿ, ಪೋಕ್ಕರ್ ಆಗುತ್ತದೆ. ಕೇಶಿರಾಜನಂಥವನೊಬ್ಬ ಇಂದು ಇದ್ದರೆ ಸೂತ್ರ ಬರೆಯುತ್ತಿದ್ದ. ನಾವು ಪಟ್ಟಿ ಬರೆದಿದ್ದೇವೆ.

ಇನ್ನೊಂದು ಉದಾಹರಣೆ ನನ್ನ ಮಟ್ಟಿಗೆ ಕಣ್ಣು ತೆರೆಸಿದ್ದು. ಅರಬ್ಬೀಯಲ್ಲಿ ‘ಅಲ್’ ಎಂಬ ಪ್ರತ್ಯಯದ ಲಕಾರ ರಕಾರದಂಥ ಕೆಲವು ವ್ಯಂಜನಗಳ ಮುಂದೆ ಉಳಿಯುವುದಿಲ್ಲ. ಮುಂದಿನ ವ್ಯಂಜನದಲ್ಲಿ ಸೇರಿಹೋಗುತ್ತದೆ. ಬರವಣಿಗೆಯಲ್ಲಿ ಲಕಾರ ಇದ್ದರೂ ಬಾಯಲ್ಲಿ ಅಬ್ದುರ್ರಹ್ಮಾನ್ ಎಂದೇ ಹೇಳಬೇಕು. ನಮ್ಮ ಪಟ್ಟಿಗಳು ‘ಶುದ್ಧ’ವೆಂದು ಕೊಡುವ ರೂಪ ಅಬ್ದುಲ್ ರಹಮಾನ್. ಕಾಸರಗೋಡು, ಮಂಗಳೂರು ಕಡೆಯ ಹಳಬರು ಕರೆಯುವುದು ಅದ್ರಾಮ ಎಂದು. ಅದ್ರಾಮದಲ್ಲಿ ಲಕಾರದ ಸುಳಿವೇ ಇಲ್ಲ. ಅದು ಕಿವಿಯಿಂದ ಕಲಿತ ಹೆಸರು, ಓದಿ ಕಲಿತದ್ದಲ್ಲ. ಅರಬ್ಬೀ ಉಚ್ಚಾರದ ಒಂದು ನಿಯಮವನ್ನು ಅಕ್ಷರ ಬಾರದವನ ‘ಅಪಭ್ರಂಶ’ ಉಳಿಸಿಕೊಂಡಿದೆ, ಕಚೇರಿಯ ‘ಶುದ್ಧ ರೂಪ’ ಮುರಿದಿದೆ. ಅಷ್ಟೇ ಅಲ್ಲ, ಆ ಶುದ್ಧ ರೂಪವನ್ನು ಇನ್ನೂ ತುಂಡರಿಸಿ ಬರೇ ‘ಅಬ್ದುಲ್’ ಎಂದು ಕರೆಯುವುದು ಈಗಿನ ರೂಢಿ. ಅಬ್ದುಲ್ ಎಂದರೆ ‘ಇಂಥವನ ಸೇವಕ’ ಎನ್ನುವಲ್ಲಿ ‘ಇಂಥವನು’ ಯಾರೆಂದು ಹೇಳದೆ ನಿಲ್ಲಿಸಿದ ಹಾಗೆ. ಅದ್ರಾಮ ಪೂರ್ತಿ ಹೆಸರು, ಅಬ್ದುಲ್ ಅರ್ಧ.

೫

ಹೆಸರು ಬಂದ ದಾರಿ ಎಂದೆ. ಒಬ್ಬನೇ ಸಂತನ ಹೆಸರನ್ನು ಹಿಡಿದು ಈ ದಾರಿಯನ್ನು ತೋರಿಸಬಹುದು. ಬಾಗ್ದಾದಿನಲ್ಲಿ ೧೧೬೬ರಲ್ಲಿ ತೀರಿಕೊಂಡ ಅಬ್ದುಲ್ ಖಾದಿರ್ ಜೀಲಾನಿಯವರು ನಮ್ಮ ಗಡಿನಾಡುಗಳಲ್ಲೆಲ್ಲ ನೆನೆಯಲ್ಪಡುವ ಸೂಫಿ. ಅವರಿಗೆ ಬಿರುದುಗಳು ಹಲವು. ಮುಹ್ಯಿದ್ದೀನ್ ಎಂದರೆ ಧರ್ಮಕ್ಕೆ ಮರುಜೀವ ಕೊಟ್ಟವನು. ಗೌಸ್ ಎಂದರೆ ಮೊರೆಗೆ ಒದಗುವವನು. ಮಹಬೂಬ್ ಎಂದರೆ ದೇವರಿಗೆ ಪ್ರೀತಿಪಾತ್ರ. ಪಾರಸಿಯಲ್ಲಿ ದಸ್ತಗೀರ್ ಎಂದರೆ ಕೈ ಹಿಡಿದವನು.

ಕಾಸರಗೋಡಿನ ಕರಾವಳಿಯಲ್ಲಿ ಈ ಬಿರುದುಗಳಲ್ಲಿ ಹೆಚ್ಚು ಬೇರೂರಿದ್ದು ಮುಹ್ಯಿದ್ದೀನ್. ಮೊಯ್ದೀನ್, ಮೊಯ್ದು, ಮೊಯಿದಿನಬ್ಬ ಎಲ್ಲ ಅದರ ಕವಲುಗಳು. ಕಲ್ಲಿಕೋಟೆಯ ಖಾಜಿ ಮುಹಮ್ಮದ್ ೧೬೦೭ರಲ್ಲಿ ಅರಬಿ-ಮಲಯಾಳದಲ್ಲಿ ರಚಿಸಿದ ‘ಮುಹ್ಯಿದ್ದೀನ್ ಮಾಲೆ’ ಮಾಪಿಳ್ಳೆಯರ ಮನೆಮನೆಗಳಲ್ಲಿ ಹಾಡಿಕೆಯಾಗಿ ನಡೆದುಬಂದದ್ದು. ಸಂಜೆ ಮನೆಯಲ್ಲಿ ಕೇಳುವ ಹೆಸರು ಹುಟ್ಟುವ ಮಗುವಿಗೆ ಬರುವುದು ಸಹಜ. ಸೋಲಾಪುರ, ಅಕ್ಕಲಕೋಟ, ಜತ್ತದ ಬಯಲಿಗೆ ಬಂದರೆ ಅದೇ ಸಂತ ದಸ್ತಗೀರಸಾಬ, ಮಾಬುಸಾಬ, ಮಾಬೂಬಿ, ಗೌಸಸಾಬ ಆಗುತ್ತಾನೆ. ಇಲ್ಲಿಗೆ ಹೆಸರು ಬಂದದ್ದು ಬಹಮನಿ ಮತ್ತು ಆದಿಲಶಾಹಿ ಕಾಲದ ಪಾರಸಿ, ದಖನಿಗಳ ಮೂಲಕ. ಕಲಬುರಗಿಯಲ್ಲಿ ೧೪೨೨ರಲ್ಲಿ ತೀರಿಕೊಂಡ ಗೇಸುದರಾಜರ ‘ಬಂದೇನವಾಜ’ ಎಂಬ ಪಾರಸಿ ಬಿರುದೂ ಇದೇ ದಾರಿಯ ಹೆಸರು. ಆದವಾನಿ, ರಾಯದುರ್ಗದ ಕಡೆ ಹೋದರೆ ಖಾದರಬಾಷಾ, ಗೌಸಬಾಷಾ, ಮಸ್ತಾನ್‌ವಲಿ ಮುಂತಾದ ರೂಪಗಳು. ಬಾಷಾ ಎನ್ನುವುದು ಪಾರಸಿಯ ಪಾದಶಾಹ್, ವಲಿ ಎನ್ನುವುದು ದೇವರ ಆಪ್ತ ಎಂಬರ್ಥದ ಅರಬ್ಬೀ.

ಹೆಸರಿನ ಬಾಲಗಳನ್ನು ನೋಡಿದರೂ ಇದೇ ಚಿತ್ರ. ಗಂಡಸರಿಗೆ ಕರಾವಳಿಯಲ್ಲಿ ಅಬ್ಬ, ಕುಂಞಿ. ಉತ್ತರದ ಬಯಲಿನಲ್ಲಿ ಸಾಬ. ಆಂಧ್ರದ ಅಂಚಿನಲ್ಲಿ ಬಾಷಾ, ವಲಿ. ಹೆಂಗಸರಿಗೆ ಕರಾವಳಿಯಲ್ಲಿ ಉಮ್ಮ, ಬಯಲಿನಲ್ಲಿ ಬೀ. ಉಮ್ಮ ಎನ್ನುವಲ್ಲಿ ಅರಬ್ಬೀಯ ತಾಯಿ ಮತ್ತು ದ್ರಾವಿಡದ ಅಮ್ಮ ಕೂಡಿಹೋಗಿದ್ದಾರೆ. ಈ ಗೆರೆಗಳು ಕಡಿದಿಟ್ಟಂತೆ ಇಲ್ಲ. ಕಾಸರಗೋಡಿನಲ್ಲಿ ಬೀಫಾತಿಮಾ ಎಂಬ ಹೆಸರೂ ಉಂಟು. ಆದರೂ ಸ್ಥೂಲವಾಗಿ ನೋಡಿದರೆ ಹೆಸರುಗಳ ನಕ್ಷೆಯೊಂದನ್ನು ಬರೆಯಬಹುದು. ಒಂದು ಕಡಲ ದಾರಿ, ಇನ್ನೊಂದು ದಖ್ಖನ್ನಿನ ದಾರಿ. ‘ಮುಹ್ಯಿದ್ದೀನ್ – ಧರ್ಮೋದ್ಧಾರಕ’ ಎಂದು ಬರೆದು ಮುಗಿಸುವ ಪಟ್ಟಿಯಲ್ಲಿ ಈ ನಕ್ಷೆ ಅಳಿಸಿಹೋಗುತ್ತದೆ. ಮೊಯ್ದುವೂ ಮಾಬುಸಾಬನೂ ಒಬ್ಬನೇ ಸಂತನ ಹೆಸರಿನವರು ಎಂಬುದು ಅಲ್ಲಿ ಕಾಣುವುದೇ ಇಲ್ಲ.

೬

‘ಮುಸ್ಲಿಂ ಹೆಸರು’ ಎಂಬ ತಲೆಬರಹವೇ ಗಡಿನಾಡಿನಲ್ಲಿ ಎಲ್ಲಾ ಕಡೆ ನಿಲ್ಲುವುದಿಲ್ಲ. ೧೯೫೩ರಲ್ಲಿ ಬಳ್ಳಾರಿ ಜಿಲ್ಲೆ ಒಡೆದಾಗ ಆಂಧ್ರಕ್ಕೆ ಹೋದ ಆದವಾನಿ, ರಾಯದುರ್ಗದ ಸೀಮೆಯಲ್ಲಿ ಹುಸೇನಪ್ಪ, ಹುಸೇನಮ್ಮ, ಮಸ್ತಾನಪ್ಪ ಎಂಬ ಹಿಂದೂಗಳು ಎಷ್ಟೋ ಮಂದಿ. ಕ್ರಿ.ಶ. ೬೮೦ರಲ್ಲಿ ಕರ್ಬಲಾದಲ್ಲಿ ಮಡಿದ ಹುಸೇನರ ಹೆಸರು ಇಲ್ಲಿನ ಒಕ್ಕಲಿಗನ, ಬೇಡನ, ಕುರುಬನ ಮನೆಗೆ ಬಂದದ್ದು ಮೊಹರಮ್ಮಿನ ಪೀರಲ ದೇವರ ಹರಕೆಯಿಂದ. ಅನಂತಪುರ ಜಿಲ್ಲೆಯ ಗೂಗೂಡಿನ ಕುಳ್ಳಾಯಿಸ್ವಾಮಿ ಎಂಬ ಪೀರನ ಹೆಸರಿನಿಂದ ಕುಳ್ಳಾಯಪ್ಪ, ಕುಳ್ಳಾಯಮ್ಮ ಬಂದರು. ಕುಳ್ಳಾಯಿ ಎನ್ನುವುದು ಟೊಪ್ಪಿಗೆ ಎಂಬರ್ಥದ ಪಾರಸಿ ಕುಲಾಹ್. ನಾವು ಕೂಸಿಗೆ ಹಾಕುವ ಕುಲಾವಿಯೂ ಅದೇ. ಈಗ ಶ್ರೀ ಸತ್ಯಸಾಯಿ ಜಿಲ್ಲೆಗೆ ಸೇರಿದ ಪೆನುಕೊಂಡದ ಬಾಬಾ ಫಕ್ರುದ್ದೀನರು ಮಡಕಶಿರಾ ಸುತ್ತಿನವರಿಗೆ ಬಾಬಯ್ಯ.

ಆದವಾನಿಗೆ ಹತ್ತಿರದ ಕೌತಾಳದಲ್ಲಿ ಖಾದರಲಿಂಗ ಸ್ವಾಮಿಯ ದರ್ಗಾ ಇದೆ. ಖಾದಿರ್ ಎಂದರೆ ಶಕ್ತಿಶಾಲಿ, ಅಲ್ಲಾಹನ ನಾಮಗಳಲ್ಲೊಂದು. ಲಿಂಗ ಯಾವುದೆಂದು ನಾನು ಹೇಳಬೇಕಾಗಿಲ್ಲ. ಖಾದರಲಿಂಗ ಎಂಬ ಹೆಸರು ಆ ಭಾಗದ ಮಕ್ಕಳಿಗೆ ಉಂಟು. ಈ ಹೆಸರನ್ನು ಯಾವ ಪಟ್ಟಿಗೆ ಸೇರಿಸುತ್ತೀರಿ? ಮುಸ್ಲಿಂ ಹೆಸರುಗಳ ಪುಸ್ತಕಕ್ಕೂ ಅದು ಬೇಡ, ವೀರಶೈವ ನಾಮಗಳ ಪಟ್ಟಿಗೂ ಬೇಡ. ಕಾಸರಗೋಡಿನ ಕುಂಬಳೆಗೆ ಹತ್ತಿರದ ಆರಿಕ್ಕಾಡಿಯಲ್ಲಿ ಆಲಿ ಎಂಬ ಹೆಸರಿನ ದೈವಕ್ಕೆ ಕೋಲ ನಡೆಯುತ್ತದೆ. ಅಲ್ಲಿಯ ಆಲಿಯನ್ನೂ ‘ಅಲಿ – ಉನ್ನತ’ ಎಂದು ವಿವರಿಸಿ ಮುಗಿಸಲು ಬರುವುದಿಲ್ಲ.

ಫಕೀರಪ್ಪನದು ಇನ್ನೂ ಕುತೂಹಲದ ಸಂಗತಿ. ಅರಬ್ಬೀಯಲ್ಲಿ ಫಕೀರ್ ಎಂದರೆ ಬಡವ. ಮಕ್ಕಳು ಉಳಿಯದ ಮನೆಯಲ್ಲಿ ದೃಷ್ಟಿ ತಾಗದಿರಲೆಂದು ಹೀನಾರ್ಥದ ಹೆಸರಿಡುವುದು ಕನ್ನಡದ ಹಳೆಯ ಪದ್ಧತಿ. ತಿಪ್ಪಣ್ಣ, ತಿರುಕಪ್ಪ, ಭಿಕ್ಷಪ್ಪ ಹೀಗೆ ಬಂದವರು. ಮೊಹರಮ್ಮಿನಲ್ಲಿ ಹರಕೆ ಹೊತ್ತು ಫಕೀರನಾಗಿ ಬೇಡುವ ರೂಢಿಯೂ ಇದೆ. ಶಿರಹಟ್ಟಿಯ ಫಕೀರೇಶ್ವರ ಮಠದ ಭಕ್ತಿಯೂ ಇದೆ. ಒಬ್ಬ ಫಕೀರಪ್ಪ ಈ ಮೂರು ಬಾಗಿಲುಗಳಲ್ಲಿ ಯಾವುದರಿಂದ ಒಳಗೆ ಬಂದ ಎಂಬುದನ್ನು ಅವನ ಮನೆಯವರನ್ನು ಕೇಳಿಯೇ ತಿಳಿಯಬೇಕು. ನಿಘಂಟು ಹೇಳಲಾರದು.

೭

ಉಳಿದದ್ದು ‘ಶುದ್ಧ ರೂಪ’ದ ಕಲಮು. ಈ ಕಲಮು ಬರೇ ಪ್ರಬಂಧದಲ್ಲಿ ಉಳಿದಿದ್ದರೆ ನಾನು ಇಷ್ಟು ಬರೆಯುತ್ತಿರಲಿಲ್ಲ. ಗಡಿನಾಡಿನವನ ಹೆಸರು ಒಂದೇ ಲಿಪಿಯಲ್ಲಿ ಇರುವುದಿಲ್ಲ. ಮನೆಯಲ್ಲಿ ಒಂದು ನುಡಿ, ಶಾಲೆಯಲ್ಲಿ ಕನ್ನಡ, ಕಚೇರಿಯಲ್ಲಿ ಮಲಯಾಳವೋ ಮರಾಠಿಯೋ ತೆಲುಗೋ ತಮಿಳೋ, ಬ್ಯಾಂಕಿನಲ್ಲಿ ಇಂಗ್ಲಿಷ್. ಕುಂಞಿ ಎಂಬುದನ್ನು ಇಂಗ್ಲಿಷಿನಲ್ಲಿ ಬರೆಯುವ ರೂಢಿ ಎಂಥದೆಂದರೆ ಅದನ್ನು ನೋಡಿ ಓದುವ ಕನ್ನಡಿಗ ‘ಕುನ್ಹಿ’ ಎನ್ನುತ್ತಾನೆ. ಕತೆಗಾರ ಬೊಳುವಾರು ಮಹಮದ್ ಕುಂಞಿಯವರ ಹೆಸರನ್ನು ಹೀಗೆ ಓದಿದವರನ್ನು ನಾನು ಕಂಡಿದ್ದೇನೆ. ಕನ್ನಡ ವರ್ಣಮಾಲೆಯಲ್ಲಿ ಕೆಲಸವಿಲ್ಲದೆ ಕುಳಿತ ಞಕಾರಕ್ಕೆ ಜೀವಂತ ಉದ್ಯೋಗ ಕೊಟ್ಟಿರುವ ಹೆಸರು ಅದು.

ಕಾಸರಗೋಡಿನ ಮಿತ್ರರೊಬ್ಬರು ತಮ್ಮ ಅಜ್ಜಿಯ ಸಂಗತಿ ಹೇಳಿದರು. ಪಡಿತರ ಚೀಟಿಯಲ್ಲಿ ಪಾತುಮ್ಮ, ಮಗನ ಶಾಲಾ ದಾಖಲೆಯಲ್ಲಿ ಫಾತ್ತಿಮ, ಆಧಾರಿನಲ್ಲಿ ಫಾತಿಮಾ. “ಅಜ್ಜಿಯನ್ನು ಫಾತಿಮಾ ಅಂತ ಕರೆದವರು ಯಾರೂ ಇಲ್ಲ ಮಾರಾಯ್ರೆ. ಆದ್ರೆ ಪಿಂಚಣಿ ಬೇಕಾದ್ರೆ ಪಾತುಮ್ಮ ಅನ್ನೋದು ತಪ್ಪು ಹೆಸರು ಅಂತ ಅವರೇ ಬರೆದುಕೊಡ್ಬೇಕಾಯ್ತು” ಎಂದರು. ಎಂಬತ್ತು ವರ್ಷ ಬಾಳಿದ ಹೆಸರನ್ನು ತಪ್ಪೆಂದು ಒಪ್ಪಿಕೊಂಡು ಹೆಬ್ಬೆಟ್ಟು ಒತ್ತುವುದು ಸಣ್ಣ ಮಾತಲ್ಲ. ಗುಮಾಸ್ತನಿಗೆ ವಿದ್ವಾಂಸರ ಪಟ್ಟಿ ಗೊತ್ತಿರಲಿಕ್ಕಿಲ್ಲ. ಆದರೆ ಅವನೂ ನಾವೂ ನಂಬಿರುವುದು ಒಂದೇ ಸಂಗತಿಯನ್ನು: ಸರಿಯಾದ ಹೆಸರು ಬೇರೆಲ್ಲೋ ಇದೆ, ಜನರ ಬಾಯಲ್ಲಿರುವುದು ಅದರ ಕೆಟ್ಟ ನಕಲು.

ಶುದ್ಧ ರೂಪವನ್ನು ಹಿಂದಕ್ಕೆ ಕಟ್ಟುವುದು ಎಲ್ಲ ಸಲ ಸಾಧ್ಯವೂ ಇಲ್ಲ. ನಜೀರ್ ಎಂಬ ಹೆಸರು ಅರಬ್ಬೀಯಲ್ಲಿ ಎರಡು. ಒಂದಕ್ಕೆ ‘ಎಚ್ಚರಿಸುವವನು’ ಎಂದರ್ಥ, ಇನ್ನೊಂದಕ್ಕೆ ‘ಸರಿಸಮ’ ಎಂದರ್ಥ. ಅಲ್ಲಿ ಅಕ್ಷರ ಬೇರೆ, ಉಚ್ಚಾರ ಬೇರೆ. ದಖನಿಯಲ್ಲಿಯೂ ಕನ್ನಡದಲ್ಲಿಯೂ ಎರಡೂ ಒಂದೇ. ಖಾದರ್, ಖಾಲಿದ್ ಎರಡನ್ನೂ ನಾವು ಖಕಾರದಿಂದ ಬರೆಯುತ್ತೇವೆ. ಅರಬ್ಬೀಯಲ್ಲಿ ಅವು ಬೇರೆ ಬೇರೆ ಅಕ್ಷರಗಳು. ಕನ್ನಡದ ರೂಪ ಮಾತ್ರ ನೋಡಿ ಮೂಲ ಹೇಳುವವನು ಅರ್ಧದಷ್ಟು ಸಲ ಊಹೆಯನ್ನೇ ಬರೆಯುತ್ತಾನೆ.

ಇಲ್ಲಿ ಒಂದು ಆಕ್ಷೇಪವನ್ನು ಎದುರಿಸಬೇಕು. ಮಕ್ಕಳಿಗೆ ಒಳ್ಳೆಯ ಅರ್ಥದ ಹೆಸರಿಡಿ ಎಂಬುದು ಇಸ್ಲಾಮಿನ ಉಪದೇಶವೇ ಅಲ್ಲವೇ, ಪೈಗಂಬರರೇ ಕೆಲವರ ಹೆಸರನ್ನು ಬದಲಿಸಿದ್ದರಲ್ಲವೇ ಎಂದು ಕೇಳುವವರಿದ್ದಾರೆ. ನಿಜ. ಆ ದೃಷ್ಟಿಯಿಂದ ಹೆಸರು ಆರಿಸುವವರ ಶ್ರದ್ಧೆಯನ್ನು ನಾನು ಪ್ರಶ್ನಿಸುವುದಿಲ್ಲ; ಅದು ತಂದೆತಾಯಿಯ ಹಕ್ಕು, ಧರ್ಮ ಬಲ್ಲವರು ವಿಚಾರಿಸಬೇಕಾದ ವಿಷಯ. ಹೊಸ ಹೆಸರುಗಳೂ ಮುಂದೊಮ್ಮೆ ನಮಗೆ ಸಾಮಗ್ರಿಯೇ. ಅಯಾನ್ ಎಂಬ ಹೆಸರು ಯಾವ ದಾರಿಯಲ್ಲಿ ನಮ್ಮ ಹಳ್ಳಿಗೆ ಬಂತೆಂದು ನಾಳೆ ಯಾರಾದರೂ ಬರೆಯಲಿ. ನನ್ನ ತಕರಾರು ಇಷ್ಟೇ. ಭಾಷೆಯ ವಿದ್ಯಾರ್ಥಿ ಆ ತೀರ್ಪನ್ನು ತನ್ನ ತೀರ್ಪಾಗಿ ಮಾಡಿಕೊಂಡು, ಇದ್ದ ಹೆಸರನ್ನು ‘ಇರಬೇಕಾದ’ ಹೆಸರಿನಿಂದ ಅಳೆಯಬಾರದು. ಹಿಂದೂಗಳ ಕಡೆಯಿಂದಲೂ ಇದೇ ಆಗುತ್ತಿದೆ. ಹುಸೇನಪ್ಪನ ಮೊಮ್ಮಕ್ಕಳು ಆ ಹೆಸರನ್ನು ಇಟ್ಟುಕೊಳ್ಳಲು ಹಿಂದೆ ಮುಂದೆ ನೋಡುತ್ತಾರೆ. ಎರಡೂ ಕಡೆಯ ಶುದ್ಧಿಯ ನಡುವೆ ಸಿಕ್ಕಿ ಮೊದಲು ಹೋಗುವುದು ಗಡಿನಾಡಿನ ಈ ನಡುವಿನ ಹೆಸರುಗಳೇ.

೮

ಹಾಗಾದರೆ ಹೇಗೆ ಸಂಗ್ರಹಿಸಬೇಕು? ನನ್ನ ಸೂಚನೆ ಸರಳವಾದದ್ದು. ಮೊದಲ ಕಲಮಿನಲ್ಲಿ ಮನೆಯವರು, ಓಣಿಯವರು ಕರೆಯುವ ರೂಪ ಇರಲಿ. ತಾಯಿ ಕರೆಯುವುದು, ಗೆಳೆಯರು ಕರೆಯುವುದು ಬೇರೆಯಾದರೆ ಎರಡನ್ನೂ ಬರೆಯೋಣ. ಎರಡನೆಯದರಲ್ಲಿ ಯಾವ ದಾಖಲೆಯಲ್ಲಿ, ಯಾವ ಲಿಪಿಯಲ್ಲಿ ಹೇಗೆ ಬರೆದಿದೆ ಎಂಬುದು. ಮೂರನೆಯದರಲ್ಲಿ ಹೆಸರಿಟ್ಟವರು ಯಾರು, ಯಾರ ನೆನಪಿಗೆ, ಯಾವ ಹರಕೆಗೆ ಎಂಬುದು ಅವರದೇ ಮಾತಿನಲ್ಲಿ. ಅರಬ್ಬೀ, ಪಾರಸಿ ಮೂಲ ಕೊನೆಯ ಕಲಮಿನಲ್ಲಿ ಬರಲಿ, ಆ ಭಾಷೆ ಬಲ್ಲವರನ್ನು ಕೇಳಿ ಬರಲಿ, ಎರಡು ಮೂಲ ಸಾಧ್ಯವಿದ್ದರೆ ಎರಡೂ ಬರಲಿ. ‘ಶುದ್ಧ’, ‘ಅಪಭ್ರಂಶ’ ಎಂಬ ತಲೆಬರಹಗಳು ಬೇಡ. ಹೀಗೆ ಮಾಡಿದರೆ ಕಾಸರಗೋಡಿನಿಂದ ಜತ್ತದವರೆಗೆ, ಹೊಸೂರು, ತಾಳವಾಡಿಯಿಂದ ಆದವಾನಿಯವರೆಗೆ ಹೋಲಿಸಿ ನೋಡಬಹುದಾದ ಸಾಮಗ್ರಿ ನಮ್ಮ ಕೈಗೆ ಬರುತ್ತದೆ.

ಮೂರನೆಯ ಕಲಮಿಗೆ ಅವಸರವಿದೆ. ಉಳಿದ ಮೂರನ್ನು ನಾಳೆಯೂ ತುಂಬಬಹುದು. ದಾಖಲೆ ಇರುತ್ತದೆ, ನಿಘಂಟು ಇರುತ್ತದೆ. ಯಾವ ಹರಕೆಗೆ ಯಾವ ಹೆಸರು ಬಂತೆಂದು ಹೇಳುವವರು ಮಾತ್ರ ಎಂಬತ್ತು ದಾಟಿದವರು, ಅವರಲ್ಲಿ ಬಹಳ ಮಂದಿ ಹೆಂಗಸರು, ನಮ್ಮ ಸಮೀಕ್ಷೆಗಳು ಅವರನ್ನು ಕೇಳಿದ್ದು ಕಡಿಮೆ. ನಾನು ಹಿಂದೆ ಮಾಡಿದ ಪಟ್ಟಿಯನ್ನು ಮತ್ತೆ ಕೈಗೆತ್ತಿಕೊಂಡು ನಮ್ಮೂರಿನ ಓಣಿಯಿಂದಲೇ ಹೊಸದಾಗಿ ಕೇಳಲು ಶುರು ಮಾಡಿದ್ದೇನೆ. ಮೊದಲು ಕೂತದ್ದು ನಮ್ಮತ್ತೆಯ ಮುಂದೆ. ಒಂದು ಮಧ್ಯಾಹ್ನದಲ್ಲಿ ಇಪ್ಪತ್ತಕ್ಕೂ ಹೆಚ್ಚು ಹೆಸರು ಹೇಳಿದಳು. ಅವುಗಳಲ್ಲಿ ಆರು ಹೆಸರಿನ ಸಂಗತಿ ಈ ಭೂಮಿಯ ಮೇಲೆ ಅವಳೊಬ್ಬಳಿಗೇ ಗೊತ್ತಿತ್ತು.